ಹಳ್ಳದ ಮೇಲೆ ಕಟ್ಟಿದವರು ನಾವೇ



ಕಳೆದ ತಿಂಗಳು ನಮ್ಮೂರಿನ ಮಠದ ಪ್ರಸಾದ ನಿಲಯದಲ್ಲಿ ಊಟಕ್ಕೆ ಕುಳಿತಿದ್ದಾಗ ಎದುರಿನ ಪಂಕ್ತಿಯ ಹಿರಿಯರೊಬ್ಬರು ಸಿಟ್ಟಿನಿಂದ ಹೇಳಿದರು: “ನಮ್ಮ ಸಮಾಜದ ಹುಡುಗನ ನಮ್ಮ ಸಂಸ್ಥೆ ಮ್ಯಾಲೆ ಕೋರ್ಟಿಗೆ ಹೋಗ್ಯಾನಂದ್ರ, ಇನ್ನ ಹೊರಗಿನವ್ರು ಯಾಕ ಬೇಕ್ರಿ?” ಸುತ್ತಲಿದ್ದವರು ಹೌದೌದೆಂದು ತಲೆಯಾಡಿಸಿದರು. ನಾನು ಅನ್ನ ಕಲಸುತ್ತ ಸುಮ್ಮನೆ ಕುಳಿತೆ. ಹೇಳಬೇಕಾದ ಮಾತು ನನ್ನ ಬಳಿ ಇತ್ತು. ಅಲ್ಲಿ ಹೇಳಲು ಧೈರ್ಯ ಸಾಲಲಿಲ್ಲ. ಅದಕ್ಕೇ ಇಲ್ಲಿ ಬರೆಯುತ್ತಿದ್ದೇನೆ.

ಸಂಗತಿ ಇಷ್ಟು. ಊರ ಪಕ್ಕದ ಹಳ್ಳದ ಮೇಲೆ ನಮ್ಮವರೇ ನಡೆಸುವ ಒಂದು ವಿದ್ಯಾಸಂಸ್ಥೆಯ ಕಟ್ಟಡವಿದೆ. ಆ ಕಟ್ಟಡ ಅಕ್ರಮ, ಹಳ್ಳವನ್ನು ತೆರವು ಮಾಡಿಸಬೇಕು ಎಂದು ಒಬ್ಬ ಯುವಕ ಸಾರ್ವಜನಿಕ ಹಿತಾಸಕ್ತಿ ಅರ್ಜಿ ಹಾಕಿದ್ದಾನೆ. ಸಂಸ್ಥೆಯ ಹೆಸರು ಇಲ್ಲಿ ಬೇಡ, ಹುಡುಗನ ಹೆಸರೂ ಬೇಡ. ಆದರೆ ಆ ಕಟ್ಟಡದ ಕೆಳಗೆ ನೀರು ಹೋಗಲು ಎರಡು ಹ್ಯೂಮ್ ಪೈಪು ಸಾಕು ಎಂದು ಬರೆದುಕೊಟ್ಟವನು ಯಾರು ಎಂಬುದನ್ನು ಹೇಳಲೇಬೇಕು. ಅವನು ನಾನೇ.

ಆಗ ನಾನು ಇನ್ನೂ ಸರ್ಕಾರಿ ಸೇವೆಯಲ್ಲಿದ್ದೆ. ಸಂಸ್ಥೆಯ ಹಿರಿಯರು ಮನೆಗೆ ಬಂದು ನಕ್ಷೆ ಹರಡಿದರು. ಹಳ್ಳದ ಎರಡೂ ದಂಡೆಯ ಹೊಲ ಸಂಸ್ಥೆ ಖರೀದಿಸಿತ್ತು. ನಡುವೆ ಹಳ್ಳ. “ಸಾಹೇಬ್ರ, ವರ್ಷಕ್ಕೊಮ್ಮೆ ನೀರು ಬರೂ ಹಳ್ಳ. ಇದನ್ನ ಬಿಟ್ಟ್ರ ಹಾಸ್ಟೆಲ್ ಎರಡು ಹೋಳಾಗ್ತದ್ರಿ. ಬಡ ಮಕ್ಕಳಿಗೆ ಮಾಡೂ ಕೆಲಸ, ನೀವ ಏನರ ದಾರಿ ತೋರಿಸ್ರಿ,” ಎಂದರು. ಹಣ ತೆಗೆದುಕೊಂಡೆನೆ? ಇಲ್ಲ. ಅದೇ ನನ್ನ ಹೆಮ್ಮೆಯಾಗಿತ್ತು. ಸೇವೆಯೆಂದು ಮಾಡಿಕೊಟ್ಟೆ. ನಾಲ್ಕು ಅಡಿ ವ್ಯಾಸದ ಎರಡು ಪೈಪು ಹಾಕಿ ಮೇಲೆ ಮಣ್ಣು ತುಂಬಿ ಕಟ್ಟಬಹುದು ಎಂದು ಒಂದೂವರೆ ಪುಟದ ತಾಂತ್ರಿಕ ಅಭಿಪ್ರಾಯ ಬರೆದು ಸಹಿ ಹಾಕಿದೆ. ಪುರಸಭೆಯ ಕಡತದಲ್ಲಿ ಅದು ಇವತ್ತಿಗೂ ಇದೆ.

ಲೆಕ್ಕ ತಪ್ಪಿತ್ತೇ ಎಂದು ಕೇಳಬಹುದು. ಓದುಗರಿಗೆ ಬೇಸರವಾಗದಿದ್ದರೆ ಸ್ವಲ್ಪ ವಿವರಿಸುತ್ತೇನೆ, ಏಕೆಂದರೆ ಕೋರ್ಟಿನ ಜಗಳವೆಲ್ಲ ಕೊನೆಗೆ ಬಂದು ನಿಲ್ಲುವುದು ಈ ಲೆಕ್ಕದಲ್ಲೇ. ಒಂದು ಎಕರೆ ನೆಲದ ಮೇಲೆ ಗಂಟೆಗೆ ಒಂದು ಇಂಚಿನಂತೆ ಮಳೆ ಸುರಿದು, ಅಷ್ಟೂ ಹರಿದು ಬಂದರೆ ಸುಮಾರು ಒಂದು ಕ್ಯೂಸೆಕ್ ನೀರಾಗುತ್ತದೆ, ಅಂದರೆ ಸೆಕೆಂಡಿಗೆ ಒಂದು ಘನ ಅಡಿ. ನಮ್ಮ ಹಳ್ಳಕ್ಕೆ ನೀರು ಕೊಡುವ ನೆಲ ಸುಮಾರು 250 ಎಕರೆ. ಗಂಟೆಗೆ ಎರಡು ಇಂಚಿನ ರಭಸದ ಮಳೆ ಬಂದರೆ ಒಟ್ಟು 500 ಕ್ಯೂಸೆಕ್. ಆದರೆ ಹೊಲದ ಮಣ್ಣು ಬಹುಪಾಲನ್ನು ಕುಡಿಯುತ್ತದೆ. ಬದುಗಳು ತಡೆಯುತ್ತವೆ. ನೂರಕ್ಕೆ ಮೂವತ್ತು ಭಾಗ ಹರಿದು ಬಂತೆಂದರೆ 150 ಕ್ಯೂಸೆಕ್. ನನ್ನ ಎರಡು ಪೈಪುಗಳ ಒಟ್ಟು ಬಾಯಿ 25 ಚದರ ಅಡಿ. ಸೆಕೆಂಡಿಗೆ ಎಂಟು ಅಡಿ ವೇಗ ಹಿಡಿದರೂ 200 ಕ್ಯೂಸೆಕ್ ಹೋಗುತ್ತದೆ. ಕಾಗದದ ಮೇಲೆ ಐವತ್ತು ಕ್ಯೂಸೆಕ್ ಉಳಿತಾಯವೇ ಇತ್ತು.

ಮುಂದಿನ ವರ್ಷಗಳಲ್ಲಿ ಮೇಲಿನ ಹೊಲಗಳೆಲ್ಲ ಒಂದೊಂದಾಗಿ ಬಿನ್‌ಶೇತ್ಕಿಯಾಗಿ ಲೇಔಟುಗಳಾದವು. ಕಾಂಕ್ರೀಟು, ಡಾಂಬರು, ತಾರಸಿ. ಈಗ ನೂರಕ್ಕೆ ಎಂಬತ್ತು ಭಾಗ ನೀರು ಹರಿದು ಬರುತ್ತದೆ. ಅದೇ ಮಳೆಗೆ 400 ಕ್ಯೂಸೆಕ್. ಮಳೆ ಹೆಚ್ಚಾಗಿಲ್ಲ, ನೆಲ ಕುಡಿಯುವುದನ್ನು ಬಿಟ್ಟಿದೆ. ಮೂರು ವರ್ಷದ ಹಿಂದೆ ಒಂದು ರಾತ್ರಿ ಅಂಥ ಮಳೆ ಬಂತು. ಒಂದು ಪೈಪಿನ ಬಾಯಿಗೆ ಜಾಲಿಯ ಬೊಡ್ಡೆ, ಪ್ಲಾಸ್ಟಿಕ್ಕು ಸಿಕ್ಕಿಕೊಂಡಿತ್ತು. ತೆರೆದ ಹಳ್ಳವಾಗಿದ್ದರೆ ನೀರು ದಂಡೆ ಮೀರಿ ಹೊಲದಲ್ಲಿ ಹರಡಿ ಇಳಿದು ಹೋಗುತ್ತಿತ್ತು. ಪೈಪು ತುಂಬಿದ ಮೇಲೆ ನೀರಿಗೆ ಇರುವುದು ಒಂದೇ ದಾರಿ, ಹಿಂದಕ್ಕೆ. ಸಂಸ್ಥೆಯ ಮೇಲ್ಗಡೆಯ ಓಣಿಗೆ ನೀರು ನುಗ್ಗಿತು. ಅಲ್ಲಿರುವವರು ಹಮಾಲರು, ಗೌಂಡಿಗಳು, ಹೊಲಿಗೆ ಯಂತ್ರ ಇಟ್ಟುಕೊಂಡು ಬದುಕುವ ಹೆಣ್ಣುಮಕ್ಕಳು. ಪುಣ್ಯಕ್ಕೆ ಜೀವ ಹೋಗಲಿಲ್ಲ. ಬೆಳಗಾದ ಮೇಲೆ ನೋಡಲು ಹೋದೆ. ಒಬ್ಬ ತಾಯಿ ಮಗನ ಮಾರ್ಕ್ಸ್‌ಕಾರ್ಡುಗಳನ್ನು ತಗಡಿನ ಮೇಲೆ ಒಣಹಾಕುತ್ತಿದ್ದಳು. ಸಂಸ್ಥೆಯ ಕಟ್ಟಡಕ್ಕೆ ಒಂದು ಹನಿ ನೀರೂ ಹೋಗಿರಲಿಲ್ಲ. ಅದರ ಅಡಿಪಾಯ ನಾನು ಹೇಳಿದಷ್ಟೇ ಎತ್ತರದಲ್ಲಿತ್ತು.

ಈಗ ಆ ಹುಡುಗನಿಗೆ ಎಲ್ಲರೂ ಕೇಳುವ ಪ್ರಶ್ನೆ: “ನಿನ್ನ ಮನಿಗೇನೂ ನೀರು ಬಂದಿಲ್ಲ, ನಿನಗ್ಯಾಕ ಬೇಕಿತ್ತು?” ಅವನ ಮನೆ ಇರುವುದು ಊರಿನ ದಿನ್ನೆಯ ಮೇಲೆ. ನಿಜ. ಆದರೆ ಸಾರ್ವಜನಿಕ ಹಿತಾಸಕ್ತಿ ಅರ್ಜಿ ಎಂಬುದು ಹುಟ್ಟಿದ್ದೇ ಇದಕ್ಕಾಗಿ. ನಷ್ಟವಾದವನೇ ಕೋರ್ಟಿಗೆ ಬರಬೇಕು ಎಂಬುದು ಹಳೆಯ ನಿಯಮ. ಬಡತನದಿಂದಲೋ ಅಸಹಾಯಕತೆಯಿಂದಲೋ ಬರಲಾರದವರ ಪರವಾಗಿ, ಸ್ವಾರ್ಥವಿಲ್ಲದ ಬೇರೆಯವನು ಬರಬಹುದು ಎಂದು ಸುಪ್ರೀಂ ಕೋರ್ಟು 1981ರ ಎಸ್.ಪಿ. ಗುಪ್ತಾ ಪ್ರಕರಣದಲ್ಲಿ ಸ್ಪಷ್ಟವಾಗಿ ಹೇಳಿತು. ಓಣಿಯ ಹಮಾಲ ವಕೀಲರನ್ನು ಹಿಡಿದು ಧಾರವಾಡ ಪೀಠಕ್ಕೆ ಅಲೆಯಬಲ್ಲನೇ? ಅವನ ಮಕ್ಕಳು ಓದುವುದು ಅದೇ ಸಂಸ್ಥೆಯಲ್ಲಿ! ಅವನು ಬಾಯಿ ಬಿಡುವುದಿಲ್ಲ. ಮನೆಗೆ ನೀರು ಬಾರದವನು ಮಾತಾಡಿದ್ದಾನೆ ಎಂಬುದೇ ಆ ಅರ್ಜಿಯ ಬಲ.

ಇಂಥ ಅರ್ಜಿಗಳಲ್ಲಿ ಸುಳ್ಳುಗಳೂ ಇರುತ್ತವೆ. ಬಿಲ್ಡರನಿಗೆ ಹೆದರಿಕೆ ಹಾಕಿ ದುಡ್ಡು ವಸೂಲಿ ಮಾಡಿ ಅರ್ಜಿ ಹಿಂದೆ ತೆಗೆದುಕೊಂಡವರನ್ನು ಸೇವೆಯಲ್ಲಿದ್ದಾಗ ಕಣ್ಣಾರೆ ಕಂಡಿದ್ದೇನೆ. ಸುಪ್ರೀಂ ಕೋರ್ಟೇ 2010ರಲ್ಲಿ ಬಲವಂತ ಸಿಂಗ್ ಚೌಫಾಲ್ ಪ್ರಕರಣದಲ್ಲಿ, ಅರ್ಜಿದಾರನ ಹಿನ್ನೆಲೆಯನ್ನು ಮೊದಲು ಪರಿಶೀಲಿಸಬೇಕು, ದುರುದ್ದೇಶದ ಅರ್ಜಿಗೆ ದಂಡ ಹಾಕಬೇಕು ಎಂದಿದೆ. ಸರಿಯಾದ ಮಾತು. ಹುಡುಗನ ಉದ್ದೇಶ ಕೆಟ್ಟದ್ದಾದರೆ ಕೋರ್ಟು ನೋಡಿಕೊಳ್ಳಲಿ. ಆದರೆ ಉದ್ದೇಶ ಏನೇ ಇರಲಿ, 400 ಕ್ಯೂಸೆಕ್ 200 ಆಗುವುದಿಲ್ಲವಲ್ಲ.

ಬೆಂಗಳೂರಿನ ಉದಾಹರಣೆ ಎಲ್ಲರಿಗೂ ಗೊತ್ತಿದೆ ಎಂದುಕೊಳ್ಳುತ್ತೇವೆ. ಪೂರ್ತಿ ಗೊತ್ತಿಲ್ಲ. ಆ ನಗರ ದಿಬ್ಬದ ಮೇಲಿದೆ, ದೊಡ್ಡ ನದಿಯಿಲ್ಲ. ಮಳೆನೀರು ಮುಖ್ಯವಾಗಿ ಮೂರು ಕಣಿವೆಗಳಲ್ಲಿ ಇಳಿಯುತ್ತದೆ: ವೃಷಭಾವತಿ, ಹೆಬ್ಬಾಳ, ಕೋರಮಂಗಲ–ಚಲ್ಲಘಟ್ಟ. ಹಿಂದಿನವರು ಇಳಿಜಾರಿನಲ್ಲಿ ಒಂದರ ಕೆಳಗೊಂದು ಕೆರೆ ಕಟ್ಟಿ, ಮೇಲಿನ ಕೆರೆಯ ಕೋಡಿ ನೀರು ಕೆಳಗಿನ ಕೆರೆಗೆ ಹೋಗುವಂತೆ ರಾಜಕಾಲುವೆ ಬಿಟ್ಟರು. ನಾವು ಕಲಿತ ವಿದ್ಯೆಗಿಂತ ಅದು ಕಡಿಮೆಯದಲ್ಲ. ಆಮೇಲೆ ಧರ್ಮಾಂಬುಧಿ ಕೆರೆಯಲ್ಲಿ ಬಸ್ ನಿಲ್ದಾಣ ಬಂತು, ಸಂಪಂಗಿ ಕೆರೆಯಲ್ಲಿ ಕ್ರೀಡಾಂಗಣ ಬಂತು. ಮೊದಲ ಒತ್ತುವರಿದಾರ ಸರ್ಕಾರವೇ, ಅಂದರೆ ನನ್ನಂಥ ಇಂಜಿನಿಯರುಗಳೇ. ಬೆಂಗಳೂರಿನ ಮಳೆನೀರು ಕಾಲುವೆಗಳ ಬಗ್ಗೆ ಮಹಾಲೇಖಪಾಲರು 2021ರಲ್ಲಿ ಕೊಟ್ಟ ವರದಿಯ ಪ್ರಕಾರ ಕೋರಮಂಗಲ ಕಣಿವೆಯಲ್ಲಿ ಕಳೆದ ಶತಮಾನದ ಆರಂಭದಲ್ಲಿ ಸುಮಾರು 113 ಕಿ.ಮೀ. ಇದ್ದ ಕಾಲುವೆ ಜಾಲ 2016–17ರ ಹೊತ್ತಿಗೆ ಸುಮಾರು 63 ಕಿ.ಮೀ. ಆಗಿತ್ತು. ಐವತ್ತು ಕಿಲೋಮೀಟರ್ ಕಾಲುವೆ ಎಲ್ಲಿಗೆ ಹೋಯಿತು? ಎಲ್ಲಿಗೂ ಹೋಗಿಲ್ಲ, ಕಟ್ಟಡಗಳ ಕೆಳಗಿದೆ. 2022ರ ಸೆಪ್ಟೆಂಬರ್ 4ರ ರಾತ್ರಿ 130 ಮಿಲಿಮೀಟರಿಗೂ ಹೆಚ್ಚು ಮಳೆ ಸುರಿದಾಗ ಹೊರವರ್ತುಲ ರಸ್ತೆಯ ಕಂಪನಿಗಳ ನೌಕರರು ಟ್ರ್ಯಾಕ್ಟರ್ ಹತ್ತಿ ಕೆಲಸಕ್ಕೆ ಹೋದ ಚಿತ್ರ ಎಲ್ಲರೂ ನೋಡಿದ್ದೇವೆ. ಟಿ.ವಿ. ನೋಡಿ ನಕ್ಕವರಲ್ಲಿ ನಾನೂ ಒಬ್ಬ.

ಅದೇ ಕಣಿವೆಯಲ್ಲಿ ಅಗರ ಮತ್ತು ಬೆಳ್ಳಂದೂರು ಕೆರೆಗಳ ನಡುವಿನ ದೊಡ್ಡ ನಿರ್ಮಾಣಗಳ ವಿರುದ್ಧ ನಾಗರಿಕರು ರಾಷ್ಟ್ರೀಯ ಹಸಿರು ನ್ಯಾಯಮಂಡಳಿಗೆ ಹೋಗಿದ್ದರು. ನ್ಯಾಯಮಂಡಳಿ 2016ರ ಮೇ 4ರಂದು, ಬೆಂಗಳೂರಿನ ಕೆರೆಯಂಚಿನಿಂದ 75 ಮೀಟರ್, ದೊಡ್ಡ ರಾಜಕಾಲುವೆಯ ಅಂಚಿನಿಂದ 50, ಎರಡನೆಯ ದರ್ಜೆಯದರಿಂದ 35, ಮೂರನೆಯದರಿಂದ 25 ಮೀಟರ್ ಕಟ್ಟಬಾರದು ಎಂದಿತು. ಸುಪ್ರೀಂ ಕೋರ್ಟು 2019ರ ಮಾರ್ಚ್ 5ರಂದು ಈ ಅಂತರಗಳನ್ನು ರದ್ದು ಮಾಡಿತು. ಅಂದಿನಿಂದ “ಬಫರ್ ಹೋಯಿತು, ಇನ್ನು ಕಟ್ಟಬಹುದು” ಎಂಬ ಮಾತು ನಮ್ಮ ತಾಲ್ಲೂಕಿನ ತನಕ ಬಂದಿದೆ. ನಮ್ಮ ಸಂಸ್ಥೆಯ ಸಭೆಯಲ್ಲೂ ಒಬ್ಬ ವಕೀಲರು ಇದನ್ನೇ ಹೇಳಿದರಂತೆ. ತೀರ್ಪಿನಲ್ಲಿ ಇರುವುದು ಹಾಗಲ್ಲ. ಕಾನೂನಿನ ಪ್ರಕಾರ ಆದ ಮಹಾಯೋಜನೆಯನ್ನು ಬದಲಿಸುವ ಅಧಿಕಾರ ಹಸಿರು ನ್ಯಾಯಮಂಡಳಿಗೆ ಇಲ್ಲ ಎಂದಷ್ಟೇ ಕೋರ್ಟು ಹೇಳಿತು. ಮಹಾಯೋಜನೆಯಲ್ಲಿ ಮೊದಲೇ ಇದ್ದ ಅಂತರ, ಅಂದರೆ ಕೆರೆಗೆ 30 ಮೀಟರ್, ಕಾಲುವೆಯ ಮಧ್ಯದಿಂದ ದರ್ಜೆಯಂತೆ 50, 25, 15 ಮೀಟರ್, ಉಳಿದೇ ಇತ್ತು.

ಇನ್ನೊಂದು ದೊಡ್ಡ ಗೊಂದಲವಿದೆ. ಬಫರ್ ಬೇರೆ, ಹಳ್ಳ ಬೇರೆ. ಬಫರ್ ಎಂಬುದು ಹಳ್ಳದ ಆಚೀಚಿನ ಖಾಸಗಿ ಜಮೀನಿನ ಮೇಲೆ ಹಾಕುವ ನಿರ್ಬಂಧ. ಅದು ಎಷ್ಟಿರಬೇಕೆಂದು ವಾದ ಮಾಡಬಹುದು. ಹಳ್ಳದ ಒಡಲಿಗೆ ಆ ವಾದವೇ ಇಲ್ಲ. 1964ರ ಕರ್ನಾಟಕ ಭೂಕಂದಾಯ ಕಾಯ್ದೆಯ 67ನೇ ಕಲಮಿನಂತೆ ಬೇರೆಯವರ ಹಕ್ಕು ಸಿದ್ಧವಾಗದ ನದಿ, ಹಳ್ಳ, ಕೆರೆ, ಕಾಲುವೆಗಳು ಸರ್ಕಾರದವು. ಉತಾರದಲ್ಲಿ ‘ಖರಾಬ’ ಎಂಬ ಕಾಲಮು ಇರುತ್ತದೆ, ನಮ್ಮವರು ಓದದೇ ಬಿಡುವುದು ಅದನ್ನೇ. ‘ಎ’ ಖರಾಬವೆಂದರೆ ಸಾಗುವಳಿಗೆ ಬಾರದ, ಆದರೆ ಹೊಲದವನದೇ ಆದ ನೆಲ. ‘ಬಿ’ ಖರಾಬವೆಂದರೆ ದಾರಿ, ಹಳ್ಳದಂಥ ಸಾರ್ವಜನಿಕ ಉಪಯೋಗಕ್ಕೆ ಬಿಟ್ಟದ್ದು. ಹೊಲ ಕೊಂಡವನು ‘ಬಿ’ ಖರಾಬ ಕೊಂಡಂತಾಗುವುದಿಲ್ಲ. ನಮ್ಮ ಸಂಸ್ಥೆಯ ಎರಡು ಸರ್ವೆ ನಂಬರುಗಳ ನಡುವೆ ಗ್ರಾಮ ನಕ್ಷೆಯಲ್ಲಿ ಜೋಡಿ ಗೆರೆ ಎಳೆದಿದೆ. ಅಂದು ನನ್ನ ಮನೆಯ ಮೇಜಿನ ಮೇಲೆ ಹರಡಿದ ನಕ್ಷೆಯಲ್ಲೂ ಅದು ಇತ್ತು. ನೋಡಿದೆ. ನೀರಿನ ಲೆಕ್ಕ ಹಾಕಿದೆ, ನೆಲ ಯಾರದೆಂಬ ಲೆಕ್ಕ ನನ್ನದಲ್ಲ ಎಂದುಕೊಂಡೆ.

ಹಾಗಾದರೆ ಸರ್ಕಾರ ಬೇಕೆಂದರೆ ಹಳ್ಳವನ್ನು ಸಂಸ್ಥೆಗೆ ಕೊಡಬಹುದಲ್ಲ ಎಂದು ಕೆಲವರು ಕೇಳುತ್ತಾರೆ. ಹಿಮಾಚಲದ ಕುಲ್ಲು–ಮನಾಲಿ ಕಣಿವೆಯಲ್ಲಿ ಬಿಯಾಸ್ ನದಿಯ ದಂಡೆಗೆ ಒಂದು ಮೋಟೆಲ್ ಇತ್ತು. ಅರಣ್ಯದ ನೆಲ ಒತ್ತಿಕೊಂಡು, ಪ್ರವಾಹದಿಂದ ತನ್ನನ್ನು ಕಾಪಾಡಿಕೊಳ್ಳಲು ಬುಲ್ಡೋಜರ್ ಇಳಿಸಿ ನದಿಯನ್ನೇ ಆಚೆಗೆ ತಿರುಗಿಸಿತು. ಆ ನೆಲವನ್ನು ಸರ್ಕಾರವೇ ಗುತ್ತಿಗೆ ಕೊಟ್ಟು ಸಕ್ರಮವನ್ನೂ ಮಾಡಿತ್ತು. ಪತ್ರಿಕೆಯ ಸುದ್ದಿ ನೋಡಿ ಸುಪ್ರೀಂ ಕೋರ್ಟು ತಾನಾಗಿ ವಿಚಾರಣೆ ಕೈಗೆತ್ತಿಕೊಂಡು, 1996ರ ಡಿಸೆಂಬರಿನಲ್ಲಿ ಆ ಗುತ್ತಿಗೆ ರದ್ದು ಮಾಡಿತು. ನದಿ, ಹಳ್ಳ, ಕಾಡುಗಳಿಗೆ ಸರ್ಕಾರ ಒಡೆಯನಲ್ಲ, ಜನರ ಪರವಾಗಿ ಇಟ್ಟುಕೊಂಡ ವಿಶ್ವಸ್ಥ ಮಾತ್ರ ಎಂಬುದು ಅಲ್ಲಿ ಬಂದ ತತ್ತ್ವ. ಮಠಗಳ ಜೊತೆ ಬಾಳಿದ ನಮಗೆ ಇದು ಹೊಸತೇನಲ್ಲ. ಮಠದ ಆಸ್ತಿಗೆ ಪೀಠದಲ್ಲಿ ಕುಳಿತವರು ಒಡೆಯರಲ್ಲ, ಭಕ್ತರದನ್ನು ಕಾಯುವವರು ಎಂದು ನಾವೇ ಹೇಳುತ್ತೇವಲ್ಲ.

ಸಂಸ್ಥೆಯ ಪರ ಇರುವ ಗಟ್ಟಿ ವಾದವೆಂದರೆ 2011ರ ಜಗಪಾಲ್ ಸಿಂಗ್ ತೀರ್ಪು. ಪಂಜಾಬಿನ ಒಂದು ಹಳ್ಳಿಯ ಕೆರೆಯನ್ನು ತುಂಬಿ ಮನೆ ಕಟ್ಟಿದ್ದ ಪ್ರಕರಣ ಅದು. ಬಹಳ ವರ್ಷದಿಂದ ಇದ್ದೇವೆ, ಬಹಳ ಖರ್ಚು ಮಾಡಿದ್ದೇವೆ ಎಂಬುದು ಒತ್ತುವರಿಯನ್ನು ಮನ್ನಿಸಲು ಕಾರಣವಾಗದು ಎಂದು ಸುಪ್ರೀಂ ಕೋರ್ಟು ಹೇಳಿತು. ಎಲ್ಲ ರಾಜ್ಯಗಳೂ ಇಂಥ ಸಾರ್ವಜನಿಕ ನೆಲ ತೆರವು ಮಾಡಬೇಕೆಂದಿತು. ಆದರೆ ಅಪರೂಪದ ವಿನಾಯಿತಿಗಳಲ್ಲಿ, ಈಗಾಗಲೇ ಅಲ್ಲಿ ಶಾಲೆ, ಔಷಧಾಲಯ ಅಥವಾ ಸಾರ್ವಜನಿಕ ಸೌಕರ್ಯ ಇದ್ದರೆ ಎಂಬ ಮಾತೂ ಇದೆ. “ನಾವು ಶಾಲೀನ ನಡಸ್ತೀವಿ, ನಮಗ ವಿನಾಯಿತಿ ಅದ,” ಎಂದು ನಮ್ಮವರು ಹೇಳುವುದು ಇದನ್ನು ಹಿಡಿದು. ಕೋರ್ಟು ಒಪ್ಪಲೂಬಹುದು. ನನ್ನ ಭಯ ಇರುವುದೇ ಅಲ್ಲಿ. ವಿನಾಯಿತಿ ಸಿಕ್ಕರೆ ಕಟ್ಟಡ ಉಳಿಯುತ್ತದೆ, ಪೈಪು ಎರಡೇ ಇರುತ್ತವೆ, ಓಣಿ ಅಲ್ಲೇ ಇರುತ್ತದೆ. ಮುಂದಿನ ಮಳೆಗೆ ಹಾಸ್ಟೆಲಿನ ಮಕ್ಕಳು ಕಿಟಕಿಯಲ್ಲಿ ನಿಂತು ಕೆಳಗಿನ ಮನೆಗಳಿಗೆ ನೀರು ನುಗ್ಗುವುದನ್ನು ನೋಡುತ್ತಾರೆ. ಆ ಮಕ್ಕಳಿಗೆ ದಾಸೋಹದ ಅರ್ಥ ಯಾವ ಬಾಯಿಂದ ಹೇಳೋಣ?

ಪೂರ್ತಿ ಕೆಡವಬೇಕೆ? ನನ್ನ ಅಭಿಪ್ರಾಯ ಹೀಗಿದೆ, ಒಪ್ಪದವರು ಬರೆಯಲಿ. ಹಳ್ಳದ ಮೇಲೆ ಇರುವುದು ನಡುವಿನ ಭಾಗ ಮಾತ್ರ: ಭೋಜನಶಾಲೆ, ಅದರ ಮೇಲೆ ಎಂಟು ಕೋಣೆ. ಎರಡೂ ಪಕ್ಕದ ಕಟ್ಟಡಗಳು ಸಂಸ್ಥೆಯ ಸ್ವಂತ ನೆಲದಲ್ಲಿವೆ. ನಡುವಿನದನ್ನು ಬಿಚ್ಚಿ, ಮಣ್ಣು ತೆಗೆದು, ಪೈಪು ಕಿತ್ತು ಹಳ್ಳವನ್ನು ನಕ್ಷೆಯ ಅಗಲಕ್ಕೆ ತೆರೆಯಬೇಕು. ಮಕ್ಕಳು ದಾಟಲು ಒಂದು ಕಾಲುಸೇತುವೆ ಮಾಡಿದರೆ ಸಾಕು. ಇದನ್ನು ಕೋರ್ಟು ಹೇಳುವ ಮೊದಲೇ ಸಂಸ್ಥೆ ತಾನಾಗಿ ಮಾಡಿದರೆ ಖರ್ಚೂ ಕಡಿಮೆ, ಮರ್ಯಾದೆಯೂ ಉಳಿಯುತ್ತದೆ. ಕೋರ್ಟಿನ ಆದೇಶದ ಮೇಲೆ ಬರುವ ಜೆ.ಸಿ.ಬಿ.ಗೆ ಗೋಡೆ ಯಾವುದು, ಕಂಬ ಯಾವುದು ಎಂಬ ವಿವೇಕ ಇರುವುದಿಲ್ಲ. ಬೆಂಗಳೂರಿನ ತೆರವು ಕಾರ್ಯಾಚರಣೆಗಳಲ್ಲಿ ಮನೆ ಕಳೆದುಕೊಂಡವರಲ್ಲಿ ಸಾಲ ಮಾಡಿ ಮನೆ ಕೊಂಡವರಿದ್ದರು. ಲೇಔಟಿಗೆ ಸಹಿ ಹಾಕಿದವರು ಪಿಂಚಣಿ ತೆಗೆದುಕೊಳ್ಳುತ್ತಾ ಇದ್ದಾರೆ. ನಾನೂ ಪಿಂಚಣಿಯವನೇ.

ಸಭೆಗಳಲ್ಲಿ ನಾವು ಸೊನ್ನಲಿಗೆಯ ಸಿದ್ಧರಾಮರು ಕೆರೆ ಕಟ್ಟಿಸಿದ್ದನ್ನು ಹೇಳದೆ ಭಾಷಣ ಮುಗಿಸುವುದಿಲ್ಲ. ಅಷ್ಟು ಹಿಂದಕ್ಕೆ ಹೋಗುವುದೂ ಬೇಡ. 2019ರಲ್ಲಿ ಕೊಪ್ಪಳದ ಗವಿಮಠದ ಶ್ರೀಗಳು ಹಿರೇಹಳ್ಳಕ್ಕೆ ಇಳಿದರು. ಜಾಲಿ, ಹೂಳು, ಕಸ ತುಂಬಿ ಸತ್ತುಹೋಗಿದ್ದ ಹಳ್ಳವನ್ನು 20 ಕಿಲೋಮೀಟರಿಗೂ ಹೆಚ್ಚು ದೂರ ಭಕ್ತರ ಜೊತೆ ನಿಂತು ಸ್ವಚ್ಛ ಮಾಡಿಸಿದರು. ಒಂದು ಮಠ ಮನಸ್ಸು ಮಾಡಿದರೆ ಜನ ಹಿಂದೆ ಬರುತ್ತಾರೆ, ಇಲಾಖೆಗಳೂ ಬರುತ್ತವೆ. ನಮ್ಮ ಇಲಾಖೆಯವರಾದರೆ ಅಂದಾಜು ಪತ್ರಿಕೆಗೇ ಎರಡು ವರ್ಷ ತೆಗೆದುಕೊಳ್ಳುತ್ತಿದ್ದೆವು.

ಮಠಗಳಲ್ಲಿ, ಮಠಗಳ ಸಂಸ್ಥೆಗಳಲ್ಲಿ ಆಡಳಿತ ಮಂಡಳಿಯವರಾಗಿರುವ ಬಂಧುಗಳಲ್ಲಿ ಒಂದು ವಿನಂತಿ. ನಿಮ್ಮ ನೆಲದ ಉತಾರ, ಗ್ರಾಮ ನಕ್ಷೆ, ಆಕಾರಬಂದು ಮೂರನ್ನೂ ತೆಗೆಸಿ. ಹದ್ದುಬಸ್ತಿಗೆ ಅರ್ಜಿ ಕೊಟ್ಟು ಭೂಮಾಪಕರಿಂದ ಅಳೆಸಿ. ಹಳ್ಳ, ಕೆರೆ, ಕಾಲುವೆ ಒಳಗೆ ಬಂದಿದೆಯೇ ನೋಡಿ. ಬಂದಿದ್ದರೆ ಮಂಡಳಿಯ ನಡಾವಳಿಯಲ್ಲಿ ಹಾಗೆಯೇ ಬರೆಯಿರಿ. ಯಾರೋ ಒಬ್ಬ ಹುಡುಗ ಕೋರ್ಟಿಗೆ ಹೋಗುವ ತನಕ ಕಾಯಬೇಡಿ. ನಕ್ಷೆ ಓದಲು ಬರದಿದ್ದರೆ ನನ್ನಂಥ ನಿವೃತ್ತ ಇಂಜಿನಿಯರುಗಳು ಪ್ರತಿ ಊರಿನಲ್ಲೂ ಕಟ್ಟೆಯ ಮೇಲೆ ಪೇಪರು ಓದುತ್ತಾ ಕುಳಿತಿದ್ದಾರೆ. ಕರೆಯಿರಿ, ಬರುತ್ತಾರೆ. ಆದರೆ ದಾರಿ ತೋರಿಸಿರಿ ಎಂದು ಕೇಳಬೇಡಿ. ಇದ್ದದ್ದನ್ನು ಹೇಳಿರಿ ಎಂದು ಕೇಳಿ.

ಆ ಹುಡುಗನನ್ನು ನಾನು ಕರೆಸಿಕೊಳ್ಳಲಿಲ್ಲ, ನಾನೇ ಅವನ ಮನೆಗೆ ಹೋದೆ. ನನ್ನ ಅಭಿಪ್ರಾಯ ಪತ್ರದ ನಕಲು ಮಾಹಿತಿ ಹಕ್ಕಿನಲ್ಲಿ ಅವನಿಗೆ ಮೊದಲೇ ಸಿಕ್ಕಿತ್ತು. ನನ್ನ ಹೆಸರೂ ಗೊತ್ತಿತ್ತು. ಅರ್ಜಿಯಲ್ಲಿ ನನ್ನನ್ನು ಯಾಕೆ ಸೇರಿಸಲಿಲ್ಲ ಎಂದು ಕೇಳಿದೆ. “ನೀವು ನಮ್ಮಪ್ಪಗ ಗುರುತಿನವ್ರು, ಅಂಕಲ್. ಬರ್ತೀರಿ ಅಂತ ಅನಿಸಿತ್ತು,” ಎಂದ. ಅವನ ತಾಯಿ ಚಹಾ ತಂದಿಟ್ಟರು, ಮಾತಾಡಲಿಲ್ಲ. ನನ್ನ 150 ಕ್ಯೂಸೆಕ್ ಲೆಕ್ಕ ಇಂದಿನ ಸ್ಥಿತಿಗೆ ಅನ್ವಯಿಸದು, ಕಟ್ಟಡದ ನಡುವಿನ ಭಾಗ ಗ್ರಾಮ ನಕ್ಷೆಯ ಹಳ್ಳದಲ್ಲಿದೆ, ಇದು ಅಂದೇ ನನಗೆ ತಿಳಿದಿತ್ತು ಎಂದು ಪ್ರಮಾಣಪತ್ರ ಸಿದ್ಧ ಮಾಡಿದ್ದೇನೆ. ವಕೀಲರು ಕೊನೆಯ ವಾಕ್ಯ ಬೇಡ ಎನ್ನುತ್ತಿದ್ದಾರೆ. ಅದನ್ನು ಉಳಿಸಿಕೊಂಡೇ ಸಹಿ ಹಾಕಿದ್ದೇನೆ. ಬರುವ ಸೋಮವಾರ ಧಾರವಾಡಕ್ಕೆ ಹೋಗಿ ಕೊಟ್ಟುಬರುತ್ತೇನೆ.